ನಾನು ಕುರಿ ತರುಬಿಸಿದ ಪ್ರಸಂಗ

ಮಕ್ಕಳೇ, ನಿಮ್ಮ ಅಪ್ಪನಿಗೆ ಹಗರಿಬೊಮ್ಮನಹಳ್ಳಿಯಲ್ಲಿ ನೌಕರಿ. ಹೊಲದ ಯಜಮಾನಿಕೆ ಪೂರಾ ನಿಮ್ಮ ಅವ್ವ ಗಿರಿಜಾಳದು. ಈ ಸಲ ಚೀಲದ ಗೊಬ್ಬರ ಮುಟ್ಟದೆ ಉಳ್ಳಾಗಡ್ಡಿ ಬೆಳೆಯುತ್ತೇನೆಂದು ಹಟ ಹಿಡಿದಿದ್ದಳು. ಅದಕ್ಕೆ ಕುರಿ ತರುಬಿಸಬೇಕು. ಅಂದರೆ ಇಡೀ ಹಿಂಡು ರಾತ್ರಿ ನಮ್ಮ ಹೊಲದಲ್ಲಿ ಮಲಗಿ ಹಿಕ್ಕೆ ಹಾಕಬೇಕು, ಕುರಿಗಾರನಿಗೆ ನಾವು ಜೋಳ ಕೊಡಬೇಕು. ಈಗ ಹಿಂಡುಗಳೇ ಅಪರೂಪ. ವರ್ಷಕ್ಕೊಮ್ಮೆ ಸಿಕ್ಕರೆ ಪುಣ್ಯ.

“ಅತ್ತಿ, ನಾನು ಕೊಟ್ಟೂರಿಗೆ ಹೊಂಟೀನಿ. ಜೋಳ ಕೊಟ್ಟಾಗೇತಿ. ಕುರಿಗಾರ ಬಂದ್ರ ಹೊಲ ತೋರಿಸ್ತೀರಿ?”

“ಮದುವಿಯಾಗಿ ಬಂದಾಗಿಂದ ಅದಾ ಹೊಲದಾಗ ಬಗ್ಗಿ ಬಗ್ಗಿ ನಡಾ ಸೊಟ್ಟ ಆಗೇತಿ. ನನಗ ಕೇಳ್ತೀಯಾ?” ಎಂದೆ.

ಕುರಿಗಾರ ಬಂದ. ಅವನ ಮೀಸೆ ನೋಡಿದ್ದೇ ನನ್ನ ಬಾಯಿ ಕಟ್ಟಿತು. ಗುರುತಿಲ್ಲದ ಗಂಡಸರೊಡನೆ ಮಾತೆಂದರೆ ನನಗೆ ಇಂದಿಗೂ ಬೆವರು! ಸೆರಗು ಎಳೆದುಕೊಂಡು, ರಸ್ತೆಯಲ್ಲೇ ನಿಂತು, ಮೊದಲ ಬದುವಿನ ಆಚೆಗೆ ಕೈ ತೋರಿಸಿದೆ. ನಮ್ಮ ಹೊಲ ಯಾವತ್ತೂ ಮೊದಲ ಬದುವಿನ ಆಚೆಗೇ ಇತ್ತು. ಘನಕಾರ್ಯ ಮುಗಿಸಿ ಮನೆಗೆ ಬಂದು ಚಹಾ ಕುಡಿದೆ.

ಬೆಳಗ್ಗೆ ಕೊಟ್ಟೂರಿನಿಂದ ಮರಳಿದ ಗಿರಿಜಾಳೂ ನಾನೂ ಹೋಗಿ ನೋಡಿದರೆ ನಮ್ಮ ಹೊಲ ಗುಡಿಸಿದ ಅಂಗಳದಂತಿತ್ತು. ಒಂದು ಹಿಕ್ಕೆಯೂ ಇಲ್ಲ! ನಾನು ಮಗಳ ಮನೆಯಲ್ಲಿದ್ದಾಗ ಜೆಸಿಬಿ ತರಿಸಿ ಆ ಮೊದಲ ಬದುವನ್ನೇ ಕೆಡವಿದ್ದರು. ಮೊದಲನೆಯದೆಂದು ನಾನು ತೋರಿಸಿದ್ದು ಎರಡನೆಯ ಬದು. ಅದರಾಚೆ ಪಕ್ಕದ ಹೊಲದ ಕೋಟ್ರಪ್ಪ ಹಲ್ಲು ಬಿಡುತ್ತ ನಿಂತಿದ್ದ. ಅವನ ಹೊಲ ಕಪ್ಪಗೆ ಮಿಂಚುತ್ತಿತ್ತು.

“ಯಕ್ಕಾ, ನಮ್ಮವ್ವ ಸುದ್ದಾ ನನಗ ಇಷ್ಟು ಕೊಟ್ಟಿರಲಿಲ್ಲ ನೋಡು!”

ಹಿಂಡು ಆಗಲೇ ತಂಬ್ರಹಳ್ಳಿಯ ದಾರಿ ಹಿಡಿದಿತ್ತು. ನನ್ನ ಕಣ್ಣಲ್ಲಿ ನೀರು. ಗಿರಿಜಾ ನನ್ನನ್ನು ಬೈಯಲಿಲ್ಲ. ಎರಡೂ ಹೊಲವನ್ನು ಒಮ್ಮೆ ನೋಡಿದಳು.

“ಕೋಟ್ರಪ್ಪ ಮಾವ, ಹಿಕ್ಕಿ ಬಳಕೊಂಡು ಒಯ್ಯಾಕಂತೂ ಆಗಂಗಿಲ್ಲ. ಇದೊಂದು ಬೆಳಿಗೆ ನಿಮ್ಮ ಹೊಲ ನಮಗ ಬಿಡ್ರಿ. ನಮ್ಮದರಾಗ ನೀವು ಬಿತ್ತರಿ.”

ಕೋಟ್ರಪ್ಪ ತಲೆ ಕೆರೆದುಕೊಂಡ. “ಜೋಳ ಕೊಟ್ಟಾಕಿ ನೀನು. ಹಿಕ್ಕಿ ನಿಂದಾ ಬಿಡವ್ವ. ಆತು, ಬಿತ್ತು.”

ಅಷ್ಟೇ! ಕಾಗದವಿಲ್ಲ, ಪಂಚಾಯ್ತಿಯಿಲ್ಲ, ನಿಂತ ನಿಲುವಿನಲ್ಲಿ ಹೊಲಗಳು ಅದಲುಬದಲಾದವು. ಇಂಥ ಸೊಸೆ, ಇಂಥ ನೆರೆಯವ ಇರುವ ಊರಲ್ಲಿ ನನ್ನಂಥವಳೂ ಬದುಕಬಹುದು.

ಮಳೆ ಬಂತು. ಇಬ್ಬರೂ ಉಳ್ಳಾಗಡ್ಡಿಯನ್ನೇ ಬಿತ್ತಿದರು. ಪ್ರಾಯಶ್ಚಿತ್ತವಾಗಲೆಂದು ಒಂದು ದಿನ ಯಾರಿಗೂ ಹೇಳದೆ ನಾನೊಬ್ಬಳೇ ಕಳೆ ತೆಗೆಯಲು ಹೋದೆ. ಮಧ್ಯಾಹ್ನದವರೆಗೆ ಕೂತು, ಬಗ್ಗಿ, ತೆವಳಿ, ಒಂದು ಮೂಲೆಯನ್ನು ಕನ್ನಡಿಯ ಹಾಗೆ ಮಾಡಿದೆ. ಹುಡುಕಿಕೊಂಡು ಬಂದ ಗಿರಿಜಾ ಹೊಟ್ಟೆ ಹಿಡಿದುಕೊಂಡು ನಗತೊಡಗಿದಳು.

“ಅತ್ತಿ, ಇದು ಕೋಟ್ರಪ್ಪ ಮಾವನ ಬೆಳಿ!”

ಏನು ಮಾಡಲಿ ಮಕ್ಕಳೇ, ಆ ದಿನ ನಾನು ದಾರಿ ತಪ್ಪಿರಲಿಲ್ಲ. ಸರಿಯಾಗಿ ನಮ್ಮ ಹೊಲಕ್ಕೇ ಹೋಗಿದ್ದೆ!