ತೊಕುಜೊನ ಸಹಜ ಮುಖ

ಕೊಡೆ ರಿಪೇರಿಯ ತೊಕುಜೊ ಗಲ್ಲಿಯ ಮನೆಮನೆಗೂ ಹೂರಣದ ಸಿಹಿ ಹಂಚಿದ್ದ. ಮಗಳು ಫುಸಾಎಗೆ ಶಿಜುಒಕದ ಚಹಾ ವ್ಯಾಪಾರಿಗಳ ಮನೆಯಿಂದ ಸಂಬಂಧ ಬಂದಿತ್ತು. ಗಂಡಿನ ಕಡೆಯವರು ಗುಟ್ಟಾಗಿ ಯಾರನ್ನಾದರೂ ಕಳಿಸಿ, ನೆರೆಹೊರೆಯಲ್ಲಿ ವಿಚಾರಿಸಿಯೇ ಹೂಂ ಅನ್ನುವುದು ಅಲ್ಲಿನ ವಾಡಿಕೆ; ನೆರೆಯವರು ನಾಲ್ಕು ಒಳ್ಳೆ ಮಾತಾಡಲೆಂದೇ ಈ ಸಿಹಿ. ಹಿಂದಿನ ಸಂಬಂಧ ಈ ವಿಚಾರಣೆಯಲ್ಲೇ ಮುರಿದುಬಿದ್ದಿತ್ತು. ಇದೂ ಹೋದರೆ ಮಗಳಿಗೆ ಮುಖ ತೋರಿಸುವುದು ಹೇಗೆಂದು ಪಾಪ, ಅವನಿಗೆ ನಿದ್ದೆಯಿರಲಿಲ್ಲ.

ಅಷ್ಟರಲ್ಲಿ ಟೀವಿಯವರು ವಕ್ಕರಿಸಿದರು. ಯುದ್ಧ ಸೋತ ದೇಶದ ಸಾಮಾನ್ಯ ಮನುಷ್ಯನ ಒಂದು ದಿನವನ್ನು ಇದ್ದದ್ದು ಇದ್ದಂತೆ ತೋರಿಸುತ್ತಾರಂತೆ. ಟೀವಿಯಲ್ಲಿ ಬಂದರೆ ಮಗಳ ಮದುವೆಗೂ ಒಂದು ಗತ್ತು ಎಂದು ತೊಕುಜೊ ಒಪ್ಪಿ, ಕ್ಷೌರ ಮಾಡಿಸಿ, ಹೊಸ ಕಿಮೋನೊ ತೊಟ್ಟು ಕೂತ.

ನಿರ್ದೇಶಕ ಕುಸಕಬೆಗೆ ಅದು ಹಿಡಿಸಲಿಲ್ಲ. "ಸಹಜವಾಗಿರಿ ಯಜಮಾನ್ರೇ," ಅಂದವನೇ ಪಕ್ಕದ ಮನೆಯಲ್ಲಿ ನೆಲ ಒರೆಸಲು ಇಟ್ಟಿದ್ದ ಹರಕು ಅಂಗಿ ತರಿಸಿ ತೊಡಿಸಿದ. ರೇಡಿಯೊ ಹೊರಗೆ ಹೋಯಿತು. ತಟ್ಟೆಯ ಮೀನು ಹೋಗಿ ಬರೀ ಉಪ್ಪಿನಕಾಯಿ ಬಂತು. ಸೂರು ಸೋರುತ್ತಿಲ್ಲವೆಂದು ಬೇಸರಪಟ್ಟು, ಒಬ್ಬನನ್ನು ಮೇಲೆ ಹತ್ತಿಸಿ ನೀರು ಸುರಿಸಿದ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಮುಡಿದ ಗಲ್ಲಿ ಅದು. ಈ ಪುಣ್ಯಾತ್ಮ ಆ ಮಲ್ಲಿಗೆಯನ್ನೂ ಕಿತ್ತ.

ಇದನ್ನು ಬೀಗರು ನೋಡಿಬಿಟ್ಟರೆ ಎಂದು ತೊಕುಜೊ ಅಳುಕಿದ. ಪಕ್ಕದ ಮನೆಯ ತಮಿ ಗದರಿಸಿದಳು: "ಸುಮ್ನಿರೋ, ಗಂಡಿನ ಊರಲ್ಲಿ ಟೀವಿ ಎಲ್ಲಿದೆ? ಅತ್ತು ತೋರ್ಸು, ಹೆಸರಾದ್ರೂ ಬರುತ್ತೆ." ಅವಳಾಗಲೇ ಕ್ಯಾಮೆರಾ ಮುಂದೆ ಕಣ್ಣೀರಿಟ್ಟು ಕುಸಕಬೆಯಿಂದ ಶಭಾಷ್ ಗಿಟ್ಟಿಸಿದ್ದಳು.

ಮಧ್ಯಾಹ್ನ ಟೋಪಿ ಹಾಕಿದ ಮನುಷ್ಯನೊಬ್ಬ ಬಂದು, ತೊಕುಜೊನ ಸಂಸಾರ ಹೇಗೆ ಎಂದು ತಮಿಯನ್ನು ಮೆಲ್ಲಗೆ ಕೇಳಿದ. ಇಷ್ಟು ಹೊತ್ತಿಗೆ ಟೀವಿಯವರಿಗೆ ಬೇಕಾದ ಪಾಠ ಅವಳಿಗೆ ಬಾಯಿಗೆ ಬಂದಿತ್ತು. ಕುಡುಕ, ಮೈತುಂಬ ಸಾಲ, ಮಗಳಿಗೋ ಕೆಮ್ಮು ಎಂದು ಹೇಳಿ ತಮಿ, ಸೆರಗಿಲ್ಲದ ಊರಲ್ಲಿ ಕಿಮೋನೊದ ತೋಳಿನಿಂದಲೇ ಕಣ್ಣೊರೆಸಿಕೊಂಡಳು. ತೊಕುಜೊನೂ ಓಡಿಬಂದು, ಆ ಹರಕು ಅಂಗಿಯಲ್ಲೇ ಟೋಪಿಯವನ ಕಾಲು ಹಿಡಿದು ಗೋಳೋ ಎಂದ. ಆತ ಕಾಲು ಬಿಡಿಸಿಕೊಂಡು, ತಮಿಯ ಕೈಗೊಂದು ಪೊಟ್ಟಣ ತುರುಕಿ ಬಿರಬಿರನೆ ನಡೆದ.

ಸಂಜೆ ಕುಸಕಬೆ ಗಂಟುಮೂಟೆ ಕಟ್ಟುತ್ತಿದ್ದ. ತೊಕುಜೊ ಹಲ್ಲುಗಿಂಜುತ್ತ ಕೇಳಿದ: "ನಿಮ್ಮ ಟೋಪಿ ಸಾಹೇಬ್ರಿಗೆ ನನ್ನ ಅಳು ಹಿಡಿಸ್ತಾ?"

"ಟೋಪಿಯೋರಾ? ನಮ್ಮಲ್ಲಿ ಯಾರೂ ಟೋಪಿ ಹಾಕಲ್ಲವಲ್ಲ."

ತಮಿ ಪೊಟ್ಟಣ ಬಿಚ್ಚಿದಳು. ಒಳಗೆ ಚಹಾಪುಡಿ. ಮೇಲೆ ಶಿಜುಒಕದ ಬೀಗರ ಅಂಗಡಿಯ ಹೆಸರು. ಬಾಗಿಲಲ್ಲಿ ನಿಂತಿದ್ದ ಫುಸಾಎ ಅದನ್ನು ಓದಿ ಒಳಗೆ ಹೋದಳು. ತೊಕುಜೊ ನಿಂತಲ್ಲೇ ಕುಸಿದ.

ಕುಸಕಬೆ ಅವನನ್ನು ನೋಡಿ ಪುಳಕಗೊಂಡ.

"ಇದೇ ಕಣ್ರೀ ನಾನು ಬೆಳಿಗ್ಗೆಯಿಂದ ಬೇಡ್ತಿದ್ದ ಮುಖ. ರೀಲು ಖಾಲಿಯಾಗಿದೆ, ಹೊಸದು ಹಾಕ್ತೀನಿ. ಆಮೇಲೆ ಇನ್ನೊಂದ್ಸಲ ಮಾಡಿ. ಸಹಜವಾಗಿ."