ಅಂಜನಾಪುರಕ್ಕೆ ಸೇರಿದ ಗೋಲು

ಇಟಲಿಯ ಫುಟ್‌ಬಾಲ್ ಪ್ರಸಾರಕ್ಕೆ ಬರಹಗಾರ ಹಾಗೂ ನಿರೂಪಕನಾಗಿ ಶಿಕಾರಿಪುರದ ಕೇಬಲ್ ವಾಹಿನಿಯು ಯತೀಶನನ್ನು ನೇಮಿಸಿಕೊಂಡಿತು. ಬೇರೆ ಯಾರೂ ಅರ್ಜಿ ಹಾಕದ ಕಾರಣ ಆಯ್ಕೆಯು ಸಂಪೂರ್ಣ ಪಾರದರ್ಶಕವಾಗಿತ್ತು. ಅಲ್ಲಿಯವರೆಗೆ ಅವನು ಅದೇ ವಾಹಿನಿಯಲ್ಲಿ ಅಡಿಕೆ ಧಾರಣೆ ಓದುತ್ತಿದ್ದ. ಅಡಿಕೆಯೂ ದುಂಡಗೆ, ಚೆಂಡೂ ದುಂಡಗೆ ಎಂದು ಮಾಲೀಕ ವೀರಬಸಪ್ಪನವರು ಅವನ ಅರ್ಹತೆಯನ್ನು ದೃಢೀಕರಿಸಿದರು.

ಯತೀಶನಿಗೆ ಆಟ ನಿಜಕ್ಕೂ ಹಿಡಿಸಿಬಿಟ್ಟಿತು. ಹೆಸರುಗಳು ಮಾತ್ರ ನಾಲಿಗೆಗೆ ಒಗ್ಗಲಿಲ್ಲ. ಫ್ರಾಂಚೆಸ್ಕಿನೆಲ್ಲಿ ಎಂದು ಹೇಳಿ ಮುಗಿಸುವಷ್ಟರಲ್ಲಿ ಚೆಂಡು ಇನ್ನಿಬ್ಬರನ್ನು ದಾಟಿ ಗೋಲಾಗಿರುತ್ತಿತ್ತು. ಸಾಕಾಗಿ ಒಂದು ದಿನ ಎಡಗಡೆ ಓಡುವವನನ್ನು ಬಳ್ಳಿಗಾವಿ, ಗೋಲು ಕಾಯುವವನನ್ನು ಸೊರಬ ಎಂದು ಕರೆದ. 'ಬಳ್ಳಿಗಾವಿ ಬಿಟ್ಟ ಚೆಂಡು ಎಲ್ಲೂ ನಿಲ್ಲದೆ ಸೊರಬ ಸೇರಿತು, ಗೋಲು!' ಎಂದು ಅವನು ಹೇಳಿದ್ದೇ ತಡ, ಬಳ್ಳಿಗಾವಿಯಲ್ಲಿ ಪಟಾಕಿ ಹೊಡೆದರು.

ಮರುವಾರ ಅಂಜನಾಪುರದ ಬೆನಕಪ್ಪ ಊರವರನ್ನು ಕಟ್ಟಿಕೊಂಡು ಬಂದ. ತಮ್ಮ ಜಲಾಶಯದ ನೀರು ಎಲ್ಲರಿಗೂ ಬೇಕು, ಗೋಲು ಮಾತ್ರ ಬಳ್ಳಿಗಾವಿಗೆ ಯಾಕೆಂಬುದು ಅವರ ಅಹವಾಲು. ಗೋಲು ಹೊಡೆಯುವುದು ಇಟಲಿಯವರು, ತನ್ನ ಕೈಲಿಲ್ಲ ಎಂದು ಯತೀಶ ವಿವರಿಸಿದ.

"ಹೆಸರಿಡೋದು ನಿಮ್ ಕೈಲೇ ಐತಲ್ರೀ" ಎಂದ ಬೆನಕಪ್ಪ.

ಅಷ್ಟರಲ್ಲಿ ಸೊರಬದವರೂ ಬಂದು, ತಮ್ಮೂರ ಪಾಲಿಗೆ ಬರೀ ಗೋಲು ಬಿಟ್ಟುಕೊಡುವ ಕೆಲಸವೇ ಎಂದು ಕೇಳಿದರು. ವೀರಬಸಪ್ಪನವರು ಪ್ರಕಟಣೆ ಹೊರಡಿಸಿದರು: 'ಇನ್ನು ಮುಂದೆ ಗೋಲುಗಳನ್ನು ಗ್ರಾಮವಾರು ಸರದಿಯಂತೆ ಹಂಚಲಾಗುವುದು. ಇಟಲಿಯಲ್ಲಿ ಗೋಲು ಆಗದಿದ್ದಲ್ಲಿ ಬಾಕಿಯನ್ನು ಮುಂದಿನ ಪಂದ್ಯಕ್ಕೆ ವರ್ಗಾಯಿಸಲಾಗುವುದು. ಸೊರಬದ ಕಾವಲಿರುವಾಗ ಒಳಹೋದ ಚೆಂಡನ್ನು ಹೋಗಿಲ್ಲವೆಂದೇ ಪರಿಗಣಿಸತಕ್ಕದ್ದು.'

ವೀಕ್ಷಕರು ಹೆಚ್ಚಿದರು. ಯತೀಶ ಇಟಲಿ ಯತೀಶನಾದ. ಬೇಸಿಗೆಯಲ್ಲೂ ಕೋಟು ಹಾಕತೊಡಗಿದ. ಕೇಳಿದವರಿಗೆ, ಇಟಲಿಯಲ್ಲಿ ಚಳಿ ಎನ್ನುತ್ತಿದ್ದ.

ಒಂದು ಪಂದ್ಯದಲ್ಲಿ ಫ್ರಾಂಚೆಸ್ಕಿನೆಲ್ಲಿ ಮೈದಾನದ ನಡುವಿನಿಂದ ಒಬ್ಬನೇ ಚೆಂಡು ಒಯ್ದು, ಅಡ್ಡ ಬಂದವರನ್ನೆಲ್ಲ ದಾಟಿ ಗೋಲು ಹೊಡೆದ. ಸರದಿ ಅಂಜನಾಪುರದ್ದು. ಆದರೆ ಯತೀಶ ಕುರ್ಚಿಯಿಂದ ಎದ್ದುಬಿಟ್ಟಿದ್ದ. ಇಂಥ ಗೋಲನ್ನೂ ಹಂಚಿಬಿಟ್ಟರೆ ತಾನು ಆಟ ನೋಡಿದ್ದಕ್ಕೆ ಅರ್ಥವೇ ಇಲ್ಲ ಅನ್ನಿಸಿತು. ಒಂದಕ್ಷರ ತೊದಲದೆ ಆ ಮನುಷ್ಯನ ಹೆಸರು ಹೇಳಿದ. ಕಣ್ಣು ತುಂಬಿ ಬಂತು.

ಬೆಳಗ್ಗೆ ಬೆನಕಪ್ಪ ಬಂದ. ಜಗಳವಾಡಲಿಲ್ಲ.

"ಆ ಊರು ಯಾವ ತಾಲ್ಲೂಕಿಗೆ ಬರ್ತೈತ್ರೀ?"

"ಊರಲ್ಲ ಬೆನಕಪ್ಪಾರೇ, ಮನುಷ್ಯ. ಗೋಲು ಹೊಡೆದವನೇ ಅವನು."

"ಹೊಡೀಲಿ ಬಿಡ್ರೀ. ಸರದಿ ನಮ್ದಿತ್ತಲ್ಲ?"

ಶಿಕಾರಿಪುರ, ಸೊರಬ ಎರಡೂ ತಾಲ್ಲೂಕುಗಳಲ್ಲಿ ಆ ಹೆಸರಿನ ಊರಿಲ್ಲವೆಂದು ವೀರಬಸಪ್ಪನವರು ಖಚಿತಪಡಿಸಿಕೊಂಡರು. ಇಟಲಿಯವರೊಬ್ಬರು ಹೊಡೆದರೆಂದು ಪ್ರಮಾದವಶಾತ್ ಹೇಳಲಾದ ಗೋಲು ಅಂಜನಾಪುರಕ್ಕೆ ಸೇರಿದ್ದೆಂಬ ತಿದ್ದುಪಡಿಯನ್ನು ಯತೀಶನೇ ಓದಿದ. ಧ್ವನಿ ಸ್ಪಷ್ಟವಾಗಿತ್ತೆಂದು ಎಲ್ಲರೂ ಮೆಚ್ಚಿದರು.

ಅಂಜನಾಪುರದಲ್ಲಿ ಸನ್ಮಾನವಾಯಿತು. ಶಾಲು, ಹಾರ ಹಾಕಿಸಿಕೊಂಡು ಯತೀಶ ಆ ಗೋಲನ್ನು ಮತ್ತೊಮ್ಮೆ ಬಣ್ಣಿಸಿದ. ಮುಂದಿನ ಸಾಲಿನಲ್ಲಿದ್ದ ಅಜ್ಜಿ ಹಾಲಮ್ಮ ಕೈ ಎತ್ತಿ, "ನಮ್ಮೋರ್ಯಾರಪ್ಪ ಅದನ್ನ ಹೊಡೆದಿದ್ದು?" ಎಂದು ಕೇಳಿದಳು.

ಸಭೆಯೆಲ್ಲ ಬೆನಕಪ್ಪನತ್ತ ತಿರುಗಿತು. ಬೆನಕಪ್ಪ ಸಂಕೋಚದಿಂದ ತಲೆ ತಗ್ಗಿಸಿದ. ಯತೀಶ ತನ್ನ ಕೊರಳಿನ ಹಾರ ತೆಗೆದು ಅವನಿಗೆ ಹಾಕಿದ.