ಬಾಡಿಗೆ ಬೇಡವೆಂದವರ ವಾಡೆ

ದುಡ್ಡು ಕೇಳುವವರನ್ನು ಕಂಡರೆ ನನಗೆ ಅಂಜಿಕೆಯಿಲ್ಲ. ಅವರು ಕೇಳುತ್ತಾರೆ, ನಾವು ಚೌಕಾಸಿ ಮಾಡುತ್ತೇವೆ, ಒಂದಿಷ್ಟು ಕೊಡುತ್ತೇವೆ, ಒಬ್ಬರನ್ನೊಬ್ಬರು ಮನಸ್ಸಿನಲ್ಲೇ ಬೈದುಕೊಂಡು ಮನೆಗೆ ಹೋಗುತ್ತೇವೆ. ಅಲ್ಲಿಗೆ ಮುಗಿಯಿತು. ನಾನು ಅಂಜುವುದು "ನಿಮ್ಮ ಕಡೆ ರೊಕ್ಕಾ ತಗೋಳೂದೇನ್ರಿ" ಎನ್ನುವವರಿಗೆ. ಅಂಥವರು ಎದುರಿಗೆ ಬಂದರೆ ಈಗಲೂ ಹಾದಿ ಬಿಟ್ಟು ಸಂದಿಗೆ ನುಗ್ಗುತ್ತೇನೆ. ನನ್ನ ಹೆಂಡತಿ ಇದನ್ನು ಜಿಪುಣತನ ಎನ್ನುತ್ತಾಳೆ. ಅನ್ನಲಿ. ನನ್ನ ತಂಗಿಯ ಮದುವೆಯಲ್ಲಿ ನನಗಾದ ಗತಿಯನ್ನು ಕಣ್ಣಾರೆ ಕಂಡೂ ಹಾಗೆನ್ನುವವಳಿಗೆ ನಾನು ಏನು ಹೇಳಲಿ?

ಆಗ ನಾನು ತಡಸದಲ್ಲಿ ಕನ್ನಡ ಶಾಲೆಯ ಮಾಸ್ತರ. ಅಪ್ಪ ತೀರಿಕೊಂಡಿದ್ದ, ತಂಗಿ ನೀಲವ್ವನ ಮದುವೆಯ ಭಾರ ನನ್ನ ಮೇಲಿತ್ತು. ಅಪ್ಪ ಇಲ್ಲದ ಹುಡುಗಿಯನ್ನು ಅಣ್ಣ ಹೇಗೋ ಸಾಗಹಾಕಿದ ಎಂದು ಒಬ್ಬರೂ ಅನ್ನಬಾರದು, ಅಪ್ಪ ನಿಲ್ಲಬೇಕಾಗಿದ್ದ ಜಾಗದಲ್ಲಿ ನಾನು ಎದೆಯುಬ್ಬಿಸಿ ನಿಲ್ಲಬೇಕು ಎಂಬುದೊಂದೇ ನನ್ನ ಆಸೆ. ವರ ಹಂಸಭಾವಿಯವನು. ನಮ್ಮದು ಎರಡಂಕಣದ ಮನೆ. ಅಲ್ಲಿ ಮದುವೆ ಮಾಡಿದರೆ ಬೀಗರನ್ನು ದನದ ಕೊಟ್ಟಿಗೆಯಲ್ಲಿ ಕೂಡಿಸಬೇಕು. ಸಂಬಂಧ ಕುದುರಿಸಿದ ನನ್ನ ಸೋದರಮಾವನೇ ಉಪಾಯ ಹೇಳಿದ. ಎರಡೂ ಊರಿಗೆ ನಡುವೆ ಹಾನಗಲ್ಲು ಬರುತ್ತದೆ, ಅಲ್ಲಿ ಭತ್ತದ ವ್ಯಾಪಾರಿ ಚನ್ನಬಸಪ್ಪ ಸಾವುಕಾರರ ದೊಡ್ಡ ವಾಡೆ ಇದೆ, ಮುಂದೆ ಅಂಗಳ, ಹಿಂದೆ ಸಿಹಿನೀರಿನ ಬಾವಿ, ಬಾಡಿಗೆಗೆ ಕೇಳೋಣ ಎಂದ. ಹೋದೆವು.

ಸಾವುಕಾರರು ನನ್ನದೇ ವಯಸ್ಸಿನವರು. ಬಾಡಿಗೆಯ ಮಾತೆತ್ತಿದ ಕೂಡಲೇ ಎರಡೂ ಕಿವಿ ಮುಚ್ಚಿಕೊಂಡರು.

"ಶಿವ ಶಿವಾ! ಮಂಗಳಕಾರ್ಯಕ್ಕ ಬಾಡಿಗಿ ತಗೊಂಡ್ರ ಶಿವಾ ಮೆಚ್ಚತಾನೇನ್ರಿ ಮಾಸ್ತರ? ನಿಮ್ಮ ತಂಗಿ ಅಂದ್ರ ನಮ್ಮ ಮನಿ ಮಗಳು. ಬರ್ರಿ, ಹಂದರ ಹಾಕ್ರಿ, ಜಾಂ ಜಾಂ ಅಂತ ಮದುವಿ ಮಾಡ್ರಿ. ಆಯೇರಿ ಒಂದ ಮರೀಬ್ಯಾಡ್ರಿ, ಅದು ರಿವಾಜು."

ಆಯೇರಿ ಎಂದರೆ ಮದುವೆಯಲ್ಲಿ ಹತ್ತಿರದವರಿಗೆ ಉಡಿಸುವ ಬಟ್ಟೆ. ಒಂದು ಧೋತರ ಕೊಟ್ಟರಾಯಿತು ಎಂದುಕೊಂಡು ಹಿಗ್ಗಿನಿಂದ ಮನೆಗೆ ಬಂದೆ. ಹೆಂಡತಿ ಮಾತ್ರ, "ಬಾಡಿಗಿ ಅಂದ್ರ ಒಂದ ಸಲ ಕೊಟ್ಟ ಮುಗಿಸಬಹುದು. ಇದು ಎಲ್ಲಿಗೆ ಮುಟ್ಟತೈತೋ ಏನೋ" ಎಂದಳು. ಹೆಂಗಸರ ಬುದ್ಧಿ ಮೊಣಕಾಲ ಕೆಳಗೆ ಎಂದು ಗದರಿದೆ. ನನ್ನ ಬುದ್ಧಿ ಎಲ್ಲಿತ್ತೆಂದು ಆಕೆ ಆಮೇಲೆ ಬೇಕಾದಷ್ಟು ಸಲ ಕೇಳಿದ್ದಾಳೆ.

ಅದು ಯುದ್ಧದ ಕಾಲ. ಅರಿವೆಗೆ ಕಂಟ್ರೋಲು ಬಂದಿತ್ತು. ದುಡ್ಡಿದ್ದರೂ ಕಾರ್ಡಿಲ್ಲದೆ ಒಂದು ಗೇಣು ಬಟ್ಟೆ ಹುಟ್ಟುತ್ತಿರಲಿಲ್ಲ. ನಾನು ಶಿಗ್ಗಾವಿಗೆ ಅಲೆದು, ಅರ್ಜಿ ಕೊಟ್ಟು, ಸಿಕ್ಕಸಿಕ್ಕವರ ಕಾರ್ಡು ಬೇಡಿ ಒಂದು ಗಂಟು ಕೂಡಿಸಿದ್ದೆ. ಬೀಗರಿಗೆ ಧೋತರ, ರುಮಾಲು, ಸೀರೆ, ಒಂದಿಷ್ಟು ಕುಪ್ಪಸದ ಖಣ. ಕೊನೆಯಲ್ಲಿ ಆಸೆಪಟ್ಟು ನನಗೊಂದು ಕೆಂಪಂಚಿನ ಧೋತರ. ಆ ಗಂಟನ್ನು ಬಂಡಿಯಲ್ಲಿ ತಲೆದಿಂಬು ಮಾಡಿಕೊಂಡು ಹಾನಗಲ್ಲಿಗೆ ಹೋದೆ.

ಅಂಗಳದಲ್ಲಿ ಹಂದರಗಂಬ ನೆಟ್ಟೆವು. ಕಂಬ ನಿಂತ ನೆಲದ ಯಜಮಾನರಿಗೆ ಆಯೇರಿ ಮಾಡಬೇಕೆಂದರು. ಸರಿ, ಸಾವುಕಾರರಿಗೆ ಧೋತರವಾಯಿತು. ಹೆಂಗಸರು ಬಾವಿಗೆ ಪೂಜೆ ಮಾಡಿ ನೀರು ತಂದರು. ಆ ನೀರು ಸೇದುವ ಸಾವುಕಾರರ ಹೆಂಡತಿಗೆ ಖಣ. ಬೀಸುವ ಕಲ್ಲಿಗೆ ಪೂಜೆ ಮಾಡಿದರು. ಆ ಕಲ್ಲಿನಲ್ಲಿ ಬೀಸುವ ಅವರ ತಮ್ಮನ ಹೆಂಡತಿಗೆ ಖಣ. ಒಲೆ ಪೂಜೆಯಾಯಿತು, ಒಲೆಯ ಒಡತಿ ಸಾವುಕಾರರ ತಾಯಿ, ಆ ಹಿರಿಯ ಜೀವಕ್ಕೆ ಖಣ ಸಾಲದು, ಸೀರೆ. ತಮ್ಮನನ್ನು ಬಿಟ್ಟು ಅಣ್ಣನಿಗೆ ಮಾತ್ರ ಕೊಟ್ಟರೆ ಮನೆ ಒಡೆದ ಪಾಪ ಬರುತ್ತದೆಂದು ತಮ್ಮನಿಗೆ ರುಮಾಲು. ಪ್ರತಿ ಸಲವೂ ಸಾವುಕಾರರು ಬಂದು, "ನನಗೇನ ಬೇಕಾಗಿಲ್ರಿ, ರಿವಾಜು ನೋಡ್ರಿ" ಎಂದು ಕೈ ಮುಗಿಯುವರು. ಕೈ ಮುಗಿದು ಸುಲಿಯುವವನಿಗೆ ತಿರುಗಿ ಏನು ಬೈಯುವುದು? ದರೋಡೆಕೋರನಾದರೂ ಕತ್ತಿ ತೋರಿಸುತ್ತಾನೆ, ಊರಿಗೆ ಕೇಳುವಂತೆ ಬೊಬ್ಬೆಯಿಡಬಹುದು. ಗಂಟು ಕಟ್ಟಿಕೊಂಡು ಎದ್ದುಬಿಡೋಣ ಎನಿಸಿತು. ಆದರೆ ಮರುದಿನ ಮದುವೆ. ಇವರು ಮುನಿಸಿಕೊಂಡು ಬಾವಿಯ ಹಗ್ಗ ಒಳಗಿಟ್ಟರೆ ನನ್ನ ತಂಗಿಯ ಮದುವೆ ಬೀದಿಗೆ ಬೀಳುತ್ತದೆ. ಹಲ್ಲು ಕಚ್ಚಿ ಗಂಟು ಬಿಚ್ಚುತ್ತಲೇ ಹೋದೆ.

ಬೀಗರ ಪಾಲಿನ ಬಟ್ಟೆ ಕಡಿಮೆ ಬಿತ್ತು. ವರನ ಚಿಕ್ಕಪ್ಪನಿಗೆ ಇಟ್ಟ ಧೋತರ ಸಾವುಕಾರರ ಸೊಂಟದ ಮೇಲಿತ್ತು. ಬೇರೆ ದಾರಿಯಿಲ್ಲದೆ ನನ್ನ ಕೆಂಪಂಚಿನ ಧೋತರವನ್ನು ಅವನಿಗೆ ಮೀಸಲಿಟ್ಟೆ. ಶಾಲೆಗೆ ಉಡುತ್ತಿದ್ದ ಹಳೆಯ ಧೋತರವೇ ನನಗೆ ಗತಿಯಾಯಿತು. ಅದಕ್ಕೆ ಹಿಂದುಗಡೆ ಅಂಗೈಯಗಲದ ತೇಪೆ, ಸರಿಯಾಗಿ ಕೂರುವ ಜಾಗದಲ್ಲಿ.

ತೇಪೆ ಹಾಕಿದ ಮನುಷ್ಯ ಎದೆಯುಬ್ಬಿಸಿ ನಿಲ್ಲಬಹುದು, ಆದರೆ ಗೋಡೆಗೆ ಬೆನ್ನು ಹಚ್ಚಿ ಮಾತ್ರ ನಿಲ್ಲಬಹುದು. ಬೀಗರು ಬಂದಿಳಿದಾಗ ನಾನು ಉಗ್ರಾಣದ ಬಾಗಿಲ ಕಂಬಕ್ಕೆ ಅಂಟಿಕೊಂಡಿದ್ದೆ. ತಲೆಬಾಗಿಲಲ್ಲಿ ನಿಂತು ಗುಲಾಬಿನೀರು ಚಿಮುಕಿಸಿ, ಸವಣೂರಿನ ಎಲೆ ಕೊಟ್ಟು, ಹಿರಿಯರ ಕಾಲಿಗೆ ಬಿದ್ದು ಬರಮಾಡಿಕೊಂಡವರು ಯಾರು? ಚನ್ನಬಸಪ್ಪ ಸಾವುಕಾರರು! ನಾನು ಕೊಟ್ಟ ಹೊಸ ಧೋತರದಲ್ಲಿ! ನನ್ನ ಗುಲಾಬಿನೀರು, ನನ್ನ ಎಲೆ, ನನ್ನ ಬೀಗರು. ಅಕ್ಷತೆ ಬಿದ್ದಾಗಲೂ ನಾನು ಕಂಬದ ಬಳಿಯಿಂದಲೇ ಎಸೆದೆ. ನನ್ನ ಕಾಳು ಬ್ಯಾಂಡಿನವನ ಮೇಲೆ ಬಿದ್ದವು. ಅಳು ಬಂತೆಂದು ಹೇಳಿಕೊಳ್ಳಲು ನಾಚಿಕೆಯೇನೂ ಇಲ್ಲ.

ಹೆಣ್ಣು ಕಳಿಸುವ ಹೊತ್ತು ಬಂತು. ಬಂಡಿ ಹೂಡಿ ನಿಂತಿದೆ, ಬೀಗರೆಲ್ಲ ಅಂಗಳದಲ್ಲಿದ್ದಾರೆ, ನೀಲವ್ವ ಹೊಸ್ತಿಲು ದಾಟಬೇಕು. ಅಷ್ಟರಲ್ಲಿ ಸಾವುಕಾರರು ನನ್ನ ಹತ್ತಿರ ಬಂದು ಮೆಲ್ಲಗೆ, "ಮಾಸ್ತರ, ಹೊಸ್ತಿಲ ಆಯೇರಿ ಒಂದ ಉಳೀತು" ಎಂದರು.

ನನ್ನ ತಾಳ್ಮೆಯ ಕಟ್ಟೆ ಒಡೆಯಿತು. ಕಂಬ ಬಿಟ್ಟು ಹೊರಗೆ ಬಂದೆ. "ಹೊಸ್ತಿಲಕ್ಕೂ ಧೋತರಾ ಉಡಸ್ಬೇಕೇನ್ರಿ? ಹಂಗಾದ್ರ ತೊಲಿ, ಜಂತಿ, ಬಾಗಿಲಾ ಏನ ಪಾಪ ಮಾಡ್ಯಾವು? ಬಾಡಿಗಿ ಬ್ಯಾಡ ಅಂತ ಮೈಮ್ಯಾಲಿನ ಅರಿವಿ ಸುಲದ್ರೆಲ್ರೀ!" ಎಂದು ಕೈ ಬೀಸಿ ಬೀಸಿ ಕೂಗಾಡಿದೆ.

ಸಾವುಕಾರರ ಕಣ್ಣಲ್ಲಿ ನೀರು ತುಂಬಿತು. ಒಳಗಿಂದ ಅವರ ತಾಯಿ ಬಂದು ನೀಲವ್ವನನ್ನು ಅಪ್ಪಿಕೊಂಡು, "ಸಿಟ್ಟಾಗಬ್ಯಾಡೋ ಯಪ್ಪಾ. ನನಗ ಹೆಣ್ಣ ಹುಟ್ಟಲಿಲ್ಲ, ಮೊಮ್ಮಕ್ಕಳಾಗೂ ಹೆಣ್ಣಿಲ್ಲ. ಈ ಹೊಸ್ತಿಲಾ ದಾಟಿ ಗಂಡನ ಮನಿಗೆ ಹೊಂಟ ಮೊದಲನೇ ಮಗಳು ಈಕಿ" ಎಂದು ಗೊಳೋ ಎಂದು ಅತ್ತಳು. ನೀಲವ್ವನೂ ಆಕೆಯ ಕೊರಳಿಗೆ ಬಿದ್ದು ಅತ್ತಳು. ಬೀಗರೆಲ್ಲ ಕಣ್ಣೊರೆಸಿಕೊಳ್ಳುತ್ತ ನನ್ನನ್ನು ದುರುಗುಟ್ಟಿ ನೋಡಿದರು. ಗಂಟು ಬರಿದಾಗಿತ್ತು. ತಲೆಯ ಮೇಲಿನ ರುಮಾಲು ಬಿಚ್ಚಿ ಹೊಸ್ತಿಲ ಮೇಲಿಟ್ಟೆ. ತಂಗಿಯ ಬಂಡಿ ಹೊರಟಾಗ ಅಣ್ಣ ಬರಿದಲೆಯಲ್ಲಿ ನಿಂತಿದ್ದ.

ಆ ವರ್ಷ ನಾಗರಪಂಚಮಿಗೆ ನೀಲವ್ವನನ್ನು ಕರೆತರಲು ಬಂಡಿ ಕಟ್ಟಿಸಿಕೊಂಡು ಹಂಸಭಾವಿಗೆ ಹೋದೆ. ಮದುವೆಯಲ್ಲಿ ನಿಲ್ಲಲಾಗಲಿಲ್ಲ, ಮೊದಲ ಪಂಚಮಿಗಾದರೂ ಅಣ್ಣನಾಗಿ ಅವರ ಬಾಗಿಲಿಗೆ ಹೋಗಿ ನಿಲ್ಲುತ್ತೇನೆ ಎಂಬ ಹುಮ್ಮಸ್ಸು. ಮನೆಯ ಮಂದಿಯೆಲ್ಲ ಹೊಲಕ್ಕೆ ಹೋಗಿದ್ದರು. ಕಟ್ಟೆಯ ಮೇಲೆ ವರನ ಅಜ್ಜ ಒಬ್ಬರೇ ಕುಳಿತಿದ್ದರು. ಅವರು ನನ್ನನ್ನು ನೋಡಿದ್ದು ಮದುವೆಯ ದಿನ ಮಾತ್ರ. ಆದರೂ ದೂರದಿಂದಲೇ ಗುರುತು ಹಿಡಿದರು. ನನಗೆ ಹೆಮ್ಮೆಯಾಯಿತು.

"ಬರ್ರಿ, ಬರ್ರಿ, ಕುಂದರ್ರಿ. ನೀಲವ್ವ ಇಲ್ರೀ, ನಿನ್ನೆ ಅವರಣ್ಣ ಬಂದು ಪಂಚಮಿಗೆ ಕರಕೊಂಡ ಹ್ವಾದ" ಎಂದರು.

"ಯಾವ ಅಣ್ಣ?" ಎಂದೆ.

"ಅವರ‍್ರೀ, ಚನ್ನಬಸಪ್ಪನವರು. ದೇವರಂಥಾ ಮನಿಷ್ಯಾ." ಅಜ್ಜ ನನಗೆ ನೀರಿನ ತಂಬಿಗೆ ಕೊಟ್ಟು, ಅತ್ತ ಇತ್ತ ನೋಡಿ ದನಿ ತಗ್ಗಿಸಿದರು. "ಸಿಟ್ಟಾಗಬ್ಯಾಡ್ರಿ, ಹಿರ‍್ಯಾ ಅಂತ ಒಂದ ಮಾತ ಹೇಳತೇನಿ. ಹೆಣ್ಣ ಕಳಸೂ ಹೊತ್ತಿನಾಗ ನೀವು ಅವರ ಮ್ಯಾಲೆ ಹಂಗ ಕೂಗ್ಯಾಡಬಾರದಿತ್ತು. ನೀವು ವಾಡೇದ ಮಾಲಕರು ಖರೆ, ಆದ್ರ ಮಂಗಳಕಾರ್ಯದಾಗ ಅಷ್ಟ ಕಾಡಬಾರದ್ರಿ. ಬಾಡಿಗಿ ಇನ್ನೂ ಏನರ ಬಾಕಿ ಉಳದೈತೇನು?"

ನಾನು ತಂಬಿಗೆಯನ್ನು ಕೆಳಗಿಟ್ಟು ಎದ್ದೆ.

"ಇಲ್ರೀ ಅಜ್ಜಾರ, ಎಲ್ಲಾ ಮುಟ್ಟೈತಿ" ಎಂದೆ.